ನಾಲ್ಕು ಎಂಬಿಯ ಒಂದು ಫೈಲ್: ಹಳೆಯ ಆಟಗಳಿಗೆ ಬಯೋಸ್ ಏಕೆ ಬೇಕು, ಅದು ಎಲ್ಲಿಂದ ಬರಬೇಕು

ಕಳೆದ ಬೇಸಿಗೆ ರಜೆಗೆ ಊರಿಗೆ ಬಂದಿದ್ದ ಅಕ್ಕನ ಮಗ ಅಟ್ಟದ ಮೇಲಿದ್ದ ರಟ್ಟಿನ ಪೆಟ್ಟಿಗೆಯೊಂದನ್ನು ಕೆಳಗಿಳಿಸಿದ. ಒಳಗೆ ನನ್ನ ಹಳೆಯ ಪ್ಲೇಸ್ಟೇಷನ್ 2, ಎರಡು ಕಂಟ್ರೋಲರ್, ಒಂದು ಮೆಮೊರಿ ಕಾರ್ಡ್, ಹತ್ತಾರು ಡಿಸ್ಕ್. ಟಿವಿಗೆ ಜೋಡಿಸಿದಾಗ ಯಂತ್ರವೇನೋ ಚಾಲೂ ಆಯಿತು, ಆದರೆ ಡಿಸ್ಕ್ ಓದುವ ಲೇಸರ್ ಸೋತು ಹೋಗಿತ್ತು. ಹತ್ತು ಸಲ ಹಾಕಿದರೆ ಒಂದು ಸಲ ಓದುತ್ತಿತ್ತು. ಎಂಜಿನಿಯರಿಂಗ್ ಓದುತ್ತಿರುವ ಹುಡುಗ ಅಷ್ಟಕ್ಕೇ ಕೈಬಿಡಲಿಲ್ಲ. ಲ್ಯಾಪ್‌ಟಾಪಿಗೆ ಹೊರಗಿನ ಡಿವಿಡಿ ಡ್ರೈವ್ ಜೋಡಿಸಿ ಡಿಸ್ಕಿನ ಪ್ರತಿ ತೆಗೆದ, ಪಿಸಿಎಸ್‌ಎಕ್ಸ್2 ಎಂಬ ಎಮ್ಯುಲೇಟರ್, ಅಂದರೆ ಕಂಪ್ಯೂಟರನ್ನೇ ಹಳೆಯ ಆಟದ ಯಂತ್ರದಂತೆ ನಡೆಸುವ ತಂತ್ರಾಂಶ, ಹಾಕಿಕೊಂಡ. ಆಟ ಶುರುವಾಗುವ ಬದಲು ಪರದೆಯ ಮೇಲೆ ಬಯೋಸ್ ಫೈಲ್ ಎಲ್ಲಿ ಎಂಬ ಪ್ರಶ್ನೆ ಬಂದು ನಿಂತಿತು.

"ಮಾವ, ಡಿಸ್ಕೂ ನಮ್ಮದು, ಯಂತ್ರವೂ ನಮ್ಮದು. ಇದಕ್ಕೆ ಇನ್ನೇನು ಬೇಕಂತೆ?" ಎಂದು ಕೇಳಿದ.

ಇವತ್ತು ಈ ಪ್ರಶ್ನೆ ಅವನೊಬ್ಬನದಲ್ಲ. 2024ರ ಏಪ್ರಿಲ್‌ನಲ್ಲಿ ಆ್ಯಪಲ್ ಸಂಸ್ಥೆ ತನ್ನ ಆ್ಯಪ್ ಸ್ಟೋರ್ ನಿಯಮವನ್ನು ಸಡಿಲಿಸಿ ಹಳೆಯ ಕನ್ಸೋಲ್‌ಗಳ (ಆಟದ ಯಂತ್ರಗಳ) ಎಮ್ಯುಲೇಟರ್‌ಗಳಿಗೆ ಬಾಗಿಲು ತೆರೆಯಿತು. ಡೆಲ್ಟಾ, ರೆಟ್ರೋಆರ್ಕ್, ಪಿಪಿಎಸ್‌ಎಸ್‌ಪಿಪಿ ಒಂದರ ಹಿಂದೆ ಒಂದು ಐಫೋನ್‌ಗೆ ಬಂದವು. ಆಂಡ್ರಾಯ್ಡ್‌ನಲ್ಲಿ ಇಂಥವು ಹಿಂದಿನಿಂದಲೂ ಇದ್ದವು. ಬಾಲ್ಯದ ಆಟ ಫೋನಿನಲ್ಲೇ ಸಿಗುತ್ತದೆ ಎಂದು ಉತ್ಸಾಹದಿಂದ ಹೊರಟವರಲ್ಲಿ ಬಹುಮಂದಿ ಎಡವುವುದು ಈ ಒಂದು ಫೈಲಿನ ಬಳಿ. ಮುಂದೆ ಅವರು ಮಾಡುವುದೂ ಗೊತ್ತಿರುವುದೇ: ಹುಡುಕುತ್ತಾರೆ, ಎಲ್ಲೋ ಒಂದು ಕೊಂಡಿ ಸಿಗುತ್ತದೆ, ಇಳಿಸಿಕೊಳ್ಳುತ್ತಾರೆ. ಇಳಿಸಿಕೊಂಡದ್ದು ಏನು, ಅದು ಯಾರದ್ದು ಎಂದು ಕೇಳಿಕೊಳ್ಳುವವರು ಕಡಿಮೆ.

ಫೈಲ್ ಚಿಕ್ಕದು. ಆದರೆ ಎಮ್ಯುಲೇಟರ್‌ಗಳ ತಂತ್ರಜ್ಞಾನ, ಕಾನೂನು, ಹಳೆಯ ಆಟಗಳ ಸಂರಕ್ಷಣೆ ಮೂರೂ ಬಂದು ಸೇರುವ ಜಾಗ ಅದೇ. ಅದನ್ನು ಪಡೆಯಲು ನೇರವಾದ ದಾರಿಯೊಂದು ಇದೆ. ಆ ದಾರಿ ವರ್ಷದಿಂದ ವರ್ಷಕ್ಕೆ ಕಿರಿದಾಗುತ್ತಿದೆ. ಅದನ್ನು ಅಗಲ ಮಾಡುವುದು ಕನ್ಸೋಲ್ ತಯಾರಕರಿಗೆ ಕಷ್ಟವೇನಲ್ಲ. ಇದನ್ನು ಬಿಡಿಸಿ ಹೇಳುವುದೇ ಈ ಬರಹದ ಉದ್ದೇಶ.

ಕ್ಯಾಸೆಟ್‌ಗೆ ಬೇಡ, ಡಿಸ್ಕ್‌ಗೆ ಬೇಕು

ವಿದ್ಯುತ್ ಹರಿದ ಮೊದಲ ಗಳಿಗೆಯಲ್ಲಿ ಪ್ರೊಸೆಸರ್‌ಗೆ ಏನೂ ಗೊತ್ತಿರುವುದಿಲ್ಲ. ಡಿಸ್ಕ್ ಡ್ರೈವ್ ಎಂಬುದೊಂದಿದೆ, ಕಂಟ್ರೋಲರ್ ಎಂಬುದೊಂದಿದೆ ಎಂಬುದನ್ನೂ ಯಾರಾದರೂ ಅದಕ್ಕೆ ಹೇಳಿಕೊಡಬೇಕು. ಹಾಗೆ ಹೇಳಿಕೊಡುವ ಮೊದಲ ಪಾಠವನ್ನು ಕಾರ್ಖಾನೆಯಲ್ಲೇ ಒಂದು ಚಿಪ್‌ನಲ್ಲಿ ಬರೆದು ಮದರ್‌ಬೋರ್ಡಿಗೆ ಬೆಸುಗೆ ಹಾಕಿರುತ್ತಾರೆ. ಅದೇ ಬಯೋಸ್. ಎಪ್ಪತ್ತರ ದಶಕದಲ್ಲಿ ಗ್ಯಾರಿ ಕಿಲ್ಡಾಲ್ ತಮ್ಮ ಸಿಪಿ/ಎಂ ಕಾರ್ಯಾಚರಣೆ ವ್ಯವಸ್ಥೆಗಾಗಿ ಬಳಕೆಗೆ ತಂದ ಈ ಹೆಸರು ಐಬಿಎಂ ಪಿಸಿಯ ಮೂಲಕ ಲೋಕಕ್ಕೆಲ್ಲ ಹರಡಿತು.

ತೊಂಬತ್ತರ ದಶಕದಲ್ಲಿ ನಮ್ಮ ಊರುಗಳಲ್ಲಿ 'ಟಿವಿ ಗೇಮ್' ಎಂದು ಕರೆಯುತ್ತಿದ್ದ ಪೆಟ್ಟಿಗೆಗಳು ನೆನಪಿರಬಹುದು. ನಿಂಟೆಂಡೊ ಕಂಪನಿಯ ಫ್ಯಾಮಿಕಾಮ್‌ನ ನಕಲುಗಳವು. ಮೇಲೆ ಹಳದಿ ಬಣ್ಣದ ಕ್ಯಾಸೆಟ್ ಒತ್ತಿ ಗುಂಡಿ ಅದುಮಿದರೆ ಸಾಕು, ತಡವಿಲ್ಲದೆ ಆಟ ತೆರೆಯುತ್ತಿತ್ತು. ಆ ಯಂತ್ರಕ್ಕೆ ಬಯೋಸ್ ಬೇಕಿರಲಿಲ್ಲ, ಏಕೆಂದರೆ ಕ್ಯಾಸೆಟ್ ಒಳಗಿನ ಚಿಪ್ ನೇರವಾಗಿ ಪ್ರೊಸೆಸರ್‌ನ ತಂತಿಗಳಿಗೇ ಜೋಡಣೆಯಾಗುತ್ತಿತ್ತು. ಮೊದಲ ಪಾಠವೂ ಕ್ಯಾಸೆಟ್‌ನಲ್ಲೇ, ಆಟವೂ ಅದರಲ್ಲೇ. ಸೂಪರ್ ನಿಂಟೆಂಡೊ, ಸೆಗಾ ಮೆಗಾ ಡ್ರೈವ್‌ಗಳದ್ದೂ ಇದೇ ಕಥೆ. ಇವುಗಳ ಎಮ್ಯುಲೇಟರ್ ಹಾಕಿಕೊಂಡವರಿಗೆ ಬಯೋಸ್‌ನ ತಂಟೆಯೇ ಇಲ್ಲದಿರುವುದು ಇದರಿಂದ.

ಡಿಸ್ಕ್ ಬಂದಾಗ ಲೆಕ್ಕ ಬದಲಾಯಿತು. ಡಿಸ್ಕಿನಲ್ಲಿರುವುದನ್ನು ಪ್ರೊಸೆಸರ್ ನೇರವಾಗಿ ಓದಲಾರದು. ಮೋಟರ್ ತಿರುಗಬೇಕು, ಲೇಸರ್ ಸರಿಯಾದ ಜಾಗಕ್ಕೆ ಸರಿಯಬೇಕು, ಆಟದ ಮೊದಲ ಫೈಲ್ ಯಾವುದೆಂದು ಪತ್ತೆ ಹಚ್ಚಿ ಅದನ್ನು ಮೆಮೊರಿಗೆ ತುಂಬಬೇಕು. ಇಷ್ಟನ್ನು ಮಾಡಲು ಡಿಸ್ಕಿಗಿಂತ ಮೊದಲೇ ಯಂತ್ರದೊಳಗೆ ಒಂದು ಪ್ರೋಗ್ರಾಂ ಇರಲೇಬೇಕು. 1994ರ ಡಿಸೆಂಬರ್ 3ರಂದು ಜಪಾನಿನಲ್ಲಿ ಮಾರಾಟಕ್ಕೆ ಬಂದ ಮೊದಲ ಪ್ಲೇಸ್ಟೇಷನ್‌ನಲ್ಲಿ ಆ ಪ್ರೋಗ್ರಾಂ 512 ಕೆಬಿ ಇತ್ತು. ಯಂತ್ರ ಹೊತ್ತಿಕೊಂಡಾಗ ಬರುತ್ತಿದ್ದ ಆ ಗಂಭೀರವಾದ ನಾದ, ಮೆಮೊರಿ ಕಾರ್ಡ್ ತೆರೆಯುವ ಪುಟ, ಹಾಡಿನ ಸಿಡಿ ನುಡಿಸುವ ಸೌಲಭ್ಯ ಎಲ್ಲವೂ ಅದರೊಳಗೇ.

ಲೋಗೋ ತೋರಿಸಿ ಆಟಕ್ಕೆ ದಾರಿ ಬಿಟ್ಟ ಮೇಲೆ ಬಯೋಸ್‌ನ ಕೆಲಸ ಮುಗಿಯಿತು ಎಂದು ಹಲವರು ಭಾವಿಸುತ್ತಾರೆ. ಹಾಗಲ್ಲ. ಪ್ಲೇಸ್ಟೇಷನ್‌ನ 2 ಎಂಬಿ ಮೆಮೊರಿಯಲ್ಲಿ ಮೊದಲ 64 ಕೆಬಿ ಭಾಗ ಕೊನೆಯವರೆಗೂ ಬಯೋಸ್ ತಂದಿಟ್ಟ ಕರ್ನಲ್ ಎಂಬ ಮೂಲ ಪ್ರೋಗ್ರಾಂಗೇ ಮೀಸಲು. ಆಟ ಬರೆಯುವವರು ಮೆಮೊರಿ ಕಾರ್ಡಿಗೆ ಬರೆಯಲು, ಫೈಲ್ ತೆರೆಯಲು, ಗಡುವು ಎಣಿಸಲು ತಾವೇ ಎಲ್ಲವನ್ನೂ ಬರೆಯುತ್ತಿರಲಿಲ್ಲ. ಕರ್ನಲ್‌ಗೆ ಹೇಳಿ ಮಾಡಿಸುತ್ತಿದ್ದರು. ಅದಕ್ಕಾಗಿ ಮೆಮೊರಿಯಲ್ಲಿ ಎ0, ಬಿ0, ಸಿ0 ಎಂಬ ಮೂರು ವಿಳಾಸಗಳಿದ್ದವು. ಆಟ ಆ ಬಾಗಿಲು ತಟ್ಟಿ, ಇಂತಿಷ್ಟನೇ ನಂಬರಿನ ಕೆಲಸ ಮಾಡಿಕೊಡು ಎಂದು ಕೇಳುತ್ತಿತ್ತು. ಆಟದ ನಡುವೆ ಸಾವಿರಾರು ಸಲ ನಡೆಯುವ ವ್ಯವಹಾರ ಇದು. ಬಾಗಿಲ ಹಿಂದೆ ಯಾರೂ ಇಲ್ಲದಿದ್ದರೆ ಆಟ ಅಲ್ಲೇ ನಿಲ್ಲುತ್ತದೆ.

ಪ್ಲೇಸ್ಟೇಷನ್ 2ರ ಬಯೋಸ್ 4 ಎಂಬಿ. ಅದರಲ್ಲಿ ನನಗೆ ತುಂಬಾ ಇಷ್ಟವಾದ ಸಂಗತಿಯೊಂದಿದೆ. ಯಂತ್ರ ಶುರುವಾಗುವಾಗ ನೀಲಿ ಮಬ್ಬಿನೊಳಗಿಂದ ಎದ್ದು ಕಾಣುವ ಗೋಪುರಗಳನ್ನು ಆಡಿದವರೆಲ್ಲ ನೋಡಿರುತ್ತಾರೆ. ಅವು ಬರಿಯ ಅಲಂಕಾರವಲ್ಲ. ನೀವು ಯಾವ ಯಾವ ಆಟವನ್ನು ಎಷ್ಟೆಷ್ಟು ಆಡಿದ್ದೀರಿ ಎಂಬ ದಾಖಲೆ ಮೆಮೊರಿ ಕಾರ್ಡಿನಲ್ಲಿ ಇರುತ್ತದೆ. ಬಯೋಸ್ ಅದನ್ನು ಓದಿ ಗೋಪುರಗಳನ್ನು ನಿಲ್ಲಿಸುತ್ತದೆ. ಹೆಚ್ಚು ಆಡಿದಷ್ಟೂ ಗೋಪುರ ಎತ್ತರ. ಹೊಸ ಕಾರ್ಡ್ ಹಾಕಿದರೆ ಬಯಲು ಖಾಲಿ.

ಬೇರೆ ಯಂತ್ರಗಳ ವಿಷಯ ಚುಟುಕಾಗಿ ಹೇಳಿಬಿಡಬಹುದು. ಸೆಗಾ ಸ್ಯಾಟರ್ನ್‌ನ ಬಯೋಸ್ 512 ಕೆಬಿ, ಡ್ರೀಮ್‌ಕಾಸ್ಟ್‌ನದ್ದು 2 ಎಂಬಿ, ಗೇಮ್ ಬಾಯ್ ಅಡ್ವಾನ್ಸ್‌ನದ್ದು 16 ಕೆಬಿ. ಮೊದಲ ಗೇಮ್ ಬಾಯ್‌ನಲ್ಲಿ ಅದು ಬರೀ 256 ಬೈಟ್. ಆ 256 ಬೈಟ್ ಯಂತ್ರ ಶುರುವಾದ ಕೂಡಲೇ ತನ್ನನ್ನು ತಾನೇ ಮರೆಮಾಡಿಕೊಳ್ಳುತ್ತಿದ್ದ ಕಾರಣ ಪ್ರೋಗ್ರಾಂ ಬರೆದು ಓದಿಕೊಳ್ಳಲು ಆಗುತ್ತಲೇ ಇರಲಿಲ್ಲ. ಕೊನೆಗೆ 2003ರಲ್ಲಿ ಹವ್ಯಾಸಿಯೊಬ್ಬರು ಚಿಪ್ಪಿನ ಕವಚವನ್ನೇ ಬಿಚ್ಚಿ, ಸೂಕ್ಷ್ಮದರ್ಶಕದಡಿ ಅದರ ಚಿತ್ರ ತೆಗೆದು, ಒಂದೊಂದೇ ಬಿಟ್ ಅನ್ನು ಕಣ್ಣಿನಿಂದ ಓದಿ ಬರೆದುಕೊಂಡರು.

ಎರಡು ಬಗೆಯ ಎಮ್ಯುಲೇಟರ್

ಬಯೋಸ್ ವಿಷಯದಲ್ಲಿ ಎಮ್ಯುಲೇಟರ್ ಬರೆಯುವವರ ಮುಂದೆ ಎರಡು ಆಯ್ಕೆಗಳಿವೆ. ಅಸಲಿ ಬಯೋಸ್ ಅನ್ನೇ ಬಳಕೆದಾರರಿಂದ ಕೇಳಿ ಪಡೆದು, ತಮ್ಮ ಕಾಲ್ಪನಿಕ ಯಂತ್ರದ ಮೇಲೆ ಅದನ್ನು ಓಡಿಸುವುದು ಒಂದು. ಅದು ಮಾಡುತ್ತಿದ್ದ ಕೆಲಸಗಳನ್ನೆಲ್ಲ ಅರಿತು, ತಾವೇ ಹೊಸದಾಗಿ ಬರೆಯುವುದು ಇನ್ನೊಂದು. ಮೊದಲನೆಯದರಲ್ಲಿ ನಿಖರತೆ ಹೆಚ್ಚು. ಎರಡನೆಯದರಲ್ಲಿ ಬಳಕೆದಾರರಿಗೆ ಸಲೀಸು, ಕಾನೂನಿನ ಗೊಂದಲವೂ ಇಲ್ಲ. ಆದರೆ ಅಸಲಿನ ಒಂದೊಂದು ಡೊಂಕನ್ನೂ ಹಾಗೆಯೇ ಮೂಡಿಸಬೇಕು, ಏಕೆಂದರೆ ಎಷ್ಟೋ ಆಟಗಳು ಆ ಡೊಂಕನ್ನು ನೆಚ್ಚಿಕೊಂಡೇ ಕೆಲಸ ಮಾಡುತ್ತವೆ.

ಪಿಎಸ್‌ಪಿ ಯಂತ್ರದ ಎಮ್ಯುಲೇಟರ್ ಪಿಪಿಎಸ್‌ಎಸ್‌ಪಿಪಿ ಎರಡನೆಯ ದಾರಿ ಹಿಡಿದು ಪೂರ್ತಿ ಗೆದ್ದಿತು. ಅದಕ್ಕೆ ಯಾವ ಫರ್ಮ್‌ವೇರೂ (ಯಂತ್ರದೊಳಗೆ ತಯಾರಕರು ತುಂಬಿದ ಮೂಲ ತಂತ್ರಾಂಶವೂ) ಬೇಡ. ಗೇಮ್ ಬಾಯ್ ಅಡ್ವಾನ್ಸ್‌ಗೆ ಇರುವ ಎಂಜಿಬಿಎ ಕೂಡ ತನ್ನದೇ ಬದಲಿ ಬಯೋಸ್ ಇಟ್ಟುಕೊಂಡಿದೆ. ಮೊದಲ ಪ್ಲೇಸ್ಟೇಷನ್ ವಿಷಯದಲ್ಲಿ ಪಿಸಿಎಸ್‌ಎಕ್ಸ್ ರೀಆರ್ಮ್ಡ್ ಎಂಬುದು ಎರಡೂ ದಾರಿಯಲ್ಲಿ ನಡೆಯುತ್ತದೆ. ಬಯೋಸ್ ಇಲ್ಲದಿದ್ದರೆ ಬದಲಿಯಿಂದ ಆಟ ತೆರೆಯುತ್ತದೆ, ಜೊತೆಗೆ ಅಸಲಿ ಹಾಕಿದರೆ ಒಳ್ಳೆಯದು ಎಂದು ಎಚ್ಚರಿಸುತ್ತದೆ. ಎಚ್ಚರಿಕೆಗೆ ಕಾರಣವಿದೆ: ಬದಲಿಯಲ್ಲಿ ಕೆಲವು ಆಟಗಳು ಶುರುವಾಗುವುದೇ ಇಲ್ಲ, ಇನ್ನು ಕೆಲವು ಆಟ ಉಳಿಸುವಾಗ ಕೈಕೊಡುತ್ತವೆ. ಡಕ್‌ಸ್ಟೇಷನ್ ಅಸಲಿ ಬಯೋಸನ್ನೇ ಕೇಳುತ್ತದೆ. ಪ್ಲೇಸ್ಟೇಷನ್ 2ಕ್ಕೆ ಬಂದರೆ ಎರಡು ಬೇರೆ ಬೇರೆ ಪ್ರೊಸೆಸರ್, ಎರಡಕ್ಕೂ ಬೇರೆ ಬೇರೆ ಕರ್ನಲ್. ಅದನ್ನೆಲ್ಲ ಹೊಸದಾಗಿ ಬರೆಯುವ ಸಾಹಸಕ್ಕೆ 'ಪ್ಲೇ!' ಎಂಬ ಎಮ್ಯುಲೇಟರ್ ಇಳಿದಿದೆ, ಆದರೆ ಅದರಲ್ಲಿ ಓಡುವ ಆಟಗಳು ಪಿಸಿಎಸ್‌ಎಕ್ಸ್2ರಷ್ಟಿಲ್ಲ. ಪಿಸಿಎಸ್‌ಎಕ್ಸ್2ಕ್ಕೆ ಅಸಲಿ ಬಯೋಸ್ ಇಲ್ಲದೆ ನಡೆಯುವುದಿಲ್ಲ.

ಇಲ್ಲಿ ಒಂದು ಮಾತು ದಾಖಲಾಗಬೇಕು. 2018ರಲ್ಲಿ ಸೋನಿ ಸಂಸ್ಥೆ ಇಪ್ಪತ್ತು ಹಳೆಯ ಆಟಗಳನ್ನು ತುಂಬಿ 'ಪ್ಲೇಸ್ಟೇಷನ್ ಕ್ಲಾಸಿಕ್' ಎಂಬ ಪುಟ್ಟ ಯಂತ್ರವನ್ನು ಮಾರಿತು. ಅದರೊಳಗೆ ಆಟಗಳನ್ನು ಓಡಿಸುತ್ತಿದ್ದುದು ಇದೇ ಪಿಸಿಎಸ್‌ಎಕ್ಸ್ ರೀಆರ್ಮ್ಡ್. ಹವ್ಯಾಸಿಗಳು ವರ್ಷಗಟ್ಟಲೆ ದುಡಿದು ಮುಕ್ತವಾಗಿ ಹಂಚಿದ ತಂತ್ರಾಂಶವನ್ನು ತಯಾರಕರೇ ಎತ್ತಿಕೊಂಡು ಬಳಸಿದರು. ಪರವಾನಗಿಯ ಪ್ರಕಾರ ಅದರಲ್ಲಿ ತಪ್ಪಿಲ್ಲ. ಆದರೆ ಎಮ್ಯುಲೇಟರ್ ಎಂದ ಕೂಡಲೇ ಕಳ್ಳಮಾಲು ಎಂದು ಮೂಗು ಮುರಿಯುವವರು ಇದನ್ನು ನೆನಪಿಟ್ಟುಕೊಳ್ಳಬೇಕು.

ನ್ಯಾಯಾಲಯ ಹಾಕಿದ ಗೆರೆ

ಎಮ್ಯುಲೇಟರ್ ಜೊತೆಗೇ ಬಯೋಸ್ ಏಕೆ ಕೊಡುವುದಿಲ್ಲ? ಎಮ್ಯುಲೇಟರ್ ಎಂಬುದು ಅದನ್ನು ಬರೆದವರ ಸ್ವಂತ ಕೃತಿ. ಬಯೋಸ್ ಕನ್ಸೋಲ್ ತಯಾರಕರ ಕೃತಿ. ಈ ಗೆರೆಯನ್ನು ಸ್ಪಷ್ಟವಾಗಿ ಎಳೆದದ್ದು ಅಮೆರಿಕದ ಒಂದು ಮೊಕದ್ದಮೆ. 1999ರ ಜನವರಿಯಲ್ಲಿ ಕನೆಕ್ಟಿಕ್ಸ್ ಎಂಬ ಕಂಪನಿ ಆ್ಯಪಲ್ ಮ್ಯಾಕ್ ಕಂಪ್ಯೂಟರಿನಲ್ಲಿ ಪ್ಲೇಸ್ಟೇಷನ್ ಆಟ ಆಡಿಸುವ 'ವರ್ಚುವಲ್ ಗೇಮ್ ಸ್ಟೇಷನ್' ಪ್ರಕಟಿಸಿತು. ಪ್ಲೇಸ್ಟೇಷನ್ ಆಗಿನ್ನೂ ಅಂಗಡಿಯಲ್ಲಿ ಬಿರುಸಿನಿಂದ ಮಾರಾಟವಾಗುತ್ತಿದ್ದ ಕಾಲ. ಸೋನಿ ದಾವೆ ಹೂಡಿತು.

ಕನೆಕ್ಟಿಕ್ಸ್‌ನ ಎಂಜಿನಿಯರ್‌ಗಳು ಪ್ಲೇಸ್ಟೇಷನ್ ಕೊಂಡು, ಅದರ ಬಯೋಸ್ ಹೊರತೆಗೆದು, ತಮ್ಮ ಕಂಪ್ಯೂಟರಿನಲ್ಲಿ ಮತ್ತೆ ಮತ್ತೆ ಓಡಿಸಿ ನೋಡಿ, ಅದರ ನಡತೆ ಅರಿತು, ಬಳಿಕ ತಮ್ಮದೇ ಬಯೋಸ್ ಬರೆದಿದ್ದರು. ಮಾರಾಟಕ್ಕೆ ಬಂದ ಪ್ಯಾಕೆಟ್ಟಿನಲ್ಲಿ ಸೋನಿಯ ಪ್ರೋಗ್ರಾಂ ಸಂಕೇತ (ಕೋಡ್) ಒಂದು ಸಾಲೂ ಇರಲಿಲ್ಲ. ಅಧ್ಯಯನದ ನಡುವೆ ಮಾಡಿಕೊಂಡ ಆ ಪ್ರತಿಗಳು ನ್ಯಾಯಸಮ್ಮತ ಬಳಕೆ ಎಂದು ಒಂಬತ್ತನೇ ಸರ್ಕ್ಯೂಟ್‌ನ ಮೇಲ್ಮನವಿ ನ್ಯಾಯಾಲಯ 2000ದ ಫೆಬ್ರುವರಿ 10ರಂದು ತೀರ್ಪು ಕೊಟ್ಟಿತು. ಕನೆಕ್ಟಿಕ್ಸ್ ಗೆದ್ದಿತು, ಆದರೆ ಉಳಿಯಲಿಲ್ಲ. ಮರುವರ್ಷ ಸೋನಿ ಆ ತಂತ್ರಾಂಶವನ್ನೇ ಕೊಂಡು ಮಾರಾಟ ನಿಲ್ಲಿಸಿತು. ಅದೇ ಕಾಲದ ಇನ್ನೊಂದು ಎಮ್ಯುಲೇಟರ್ ಬ್ಲೀಮ್ ಕೂಡ ಸೋನಿಯ ವಿರುದ್ಧ ನ್ಯಾಯಾಲಯದಲ್ಲಿ ಗೆದ್ದು, ವೆಚ್ಚದ ಭಾರಕ್ಕೆ ಕುಸಿದು 2001ರಲ್ಲಿ ಬಾಗಿಲು ಹಾಕಿತು.

ತೀರ್ಪಿನಿಂದ ಹೊರಟ ನೀತಿ ಮಾತ್ರ ಇಂದಿಗೂ ನಿಂತಿದೆ. ಬಯೋಸ್ ಅನ್ನು ಓದಿ, ಅರಿತು, ಬೇರೆಯದನ್ನು ಬರೆಯಬಹುದು, ಅದನ್ನೇ ಹಂಚುವಂತಿಲ್ಲ. ಇಪ್ಪತ್ತೈದು ವರ್ಷದ ಬಳಿಕವೂ ಪಿಸಿಎಸ್‌ಎಕ್ಸ್2, ಡಕ್‌ಸ್ಟೇಷನ್, ರೆಟ್ರೋಆರ್ಕ್‌ಗಳು ಬಯೋಸ್ ಕೊಡದೆ, ನೀವೇ ತನ್ನಿ ಎನ್ನುವುದು ಇದೇ ಗೆರೆಯ ಈಚೆ ನಿಂತಿರುವುದಕ್ಕಾಗಿ. ಆ ಗೆರೆಯ ಬಳಿ ಈಗಲೂ ಕಾವು ಆರಿಲ್ಲ. 2024ರ ಫೆಬ್ರುವರಿಯಲ್ಲಿ ನಿಂಟೆಂಡೊ ಸ್ವಿಚ್ ಎಮ್ಯುಲೇಟರ್ 'ಯುಜು' ಮೇಲೆ ಮೊಕದ್ದಮೆ ಬಿತ್ತು. ಯುಜು ಕೂಡ ಬೀಗ ತೆಗೆಯುವ ಕೀಲಿ ಫೈಲ್‌ಗಳನ್ನು ತಾನು ಕೊಡದೆ ಬಳಕೆದಾರರಿಂದಲೇ ಕೇಳುತ್ತಿತ್ತು. ಆದರೂ ಕೀಲಿ ಬಳಸಿ ಆಟದ ಗೂಢಲಿಪಿ ಬಿಡಿಸುವುದೇ ಅಮೆರಿಕದ 1998ರ ಡಿಜಿಟಲ್ ಹಕ್ಕುಸ್ವಾಮ್ಯ ಕಾನೂನಿನ ಉಲ್ಲಂಘನೆ ಎಂದು ನಿಂಟೆಂಡೊ ವಾದಿಸಿತು. ಒಂದೇ ವಾರದಲ್ಲಿ ಯುಜು ತಂಡ 24 ಲಕ್ಷ ಡಾಲರ್ ಕೊಡಲು ಒಪ್ಪಿ ಎಲ್ಲವನ್ನೂ ಮುಚ್ಚಿತು. ರಾಜಿಯಲ್ಲಿ ಮುಗಿದ ಕಾರಣ ಆ ವಾದವನ್ನು ನ್ಯಾಯಾಲಯ ತೂಗಿ ನೋಡಲೇ ಇಲ್ಲ. ಮೊದಲ ಪ್ಲೇಸ್ಟೇಷನ್‌ನ ಬಯೋಸ್‌ಗೂ ಸ್ವಿಚ್‌ನ ಕೀಲಿಗೂ ವ್ಯತ್ಯಾಸವಿದೆ: ಮೊದಲನೆಯದಕ್ಕೆ ಗೂಢಲಿಪಿಯ ಬೀಗವಿಲ್ಲ. ಎರಡನ್ನೂ ಒಂದೇ ತಕ್ಕಡಿಯಲ್ಲಿ ಹಾಕುವುದು ಸರಿಯಲ್ಲ.

ನಮ್ಮ ಓದುಗರಿಗೆ ಮುಖ್ಯವಾದದ್ದು ನಮ್ಮ ಕಾನೂನು. 1957ರ ಹಕ್ಕುಸ್ವಾಮ್ಯ ಕಾಯ್ದೆಯ ಸೆಕ್ಷನ್ 52ರಲ್ಲಿ ಕಂಪ್ಯೂಟರ್ ಪ್ರೋಗ್ರಾಂಗಳ ಬಗ್ಗೆ ಪ್ರತ್ಯೇಕವಾದ ಉಪಖಂಡಗಳಿವೆ. ಪ್ರೋಗ್ರಾಂ ಅನ್ನು ನ್ಯಾಯವಾಗಿ ಹೊಂದಿರುವವರು ನಷ್ಟ, ನಾಶಗಳಿಂದ ಕಾಪಾಡಿಕೊಳ್ಳಲು ಪ್ರತಿ ಮಾಡಿಟ್ಟುಕೊಳ್ಳಬಹುದು. ಬೇರೊಂದು ಪ್ರೋಗ್ರಾಂ ಅದರೊಡನೆ ಹೊಂದಿಕೊಂಡು ಕೆಲಸ ಮಾಡಲು ಬೇಕಾದ ಮಾಹಿತಿ ಬೇರೆಡೆ ಸುಲಭವಾಗಿ ಸಿಗದಿದ್ದರೆ ಅದನ್ನು ಪಡೆಯಲು ಅಗತ್ಯವಾದುದನ್ನು ಮಾಡಬಹುದು. ಸ್ವತಃ ಕಾನೂನುಬದ್ಧವಾಗಿ ಪಡೆದ ಪ್ರತಿಯಿಂದ ವಾಣಿಜ್ಯೇತರ ವೈಯಕ್ತಿಕ ಬಳಕೆಗೆ ಪ್ರತಿ ತೆಗೆದುಕೊಳ್ಳಬಹುದು. ಈ ಪೈಕಿ ಕೊನೆಯ ಎರಡು 1999ರ ತಿದ್ದುಪಡಿಯಲ್ಲಿ ಸೇರಿ 2000ದ ಜನವರಿ 15ರಂದು ಜಾರಿಗೆ ಬಂದವು. ಅಲ್ಲಿಂದ ಒಂದು ತಿಂಗಳು ತುಂಬುವುದರೊಳಗೆ ಅಮೆರಿಕದಲ್ಲಿ ಕನೆಕ್ಟಿಕ್ಸ್ ತೀರ್ಪು ಹೊರಬಿತ್ತು. ಅಲ್ಲಿ ನ್ಯಾಯಾಧೀಶರು ವಾದ ಕೇಳಿ ಕಟ್ಟಬೇಕಾದ ನೀತಿಯನ್ನು ಇಲ್ಲಿ ಸಂಸತ್ತು ಮೊದಲೇ ಬರೆದಿಟ್ಟಿತ್ತು.

2012ರ ತಿದ್ದುಪಡಿಯಲ್ಲಿ ಬಂದ ಸೆಕ್ಷನ್ 65ಎ ತಾಂತ್ರಿಕ ಬೀಗ ಮುರಿಯುವುದನ್ನು ಅಪರಾಧವಾಗಿಸಿದೆ. ಆದರೆ ಹಕ್ಕನ್ನು ಉಲ್ಲಂಘಿಸುವ ಉದ್ದೇಶದಿಂದ ಮುರಿದಾಗ ಮಾತ್ರ ಎಂಬ ಷರತ್ತು ಅದರಲ್ಲೇ ಇದೆ. ಇವನ್ನು ಒಟ್ಟಿಗೆ ಓದಿದರೆ ನನಗೆ ಸಿಗುವ ಅರ್ಥ ಇಷ್ಟು: ನಿಮ್ಮ ಸ್ವಂತ ಯಂತ್ರದಿಂದ, ನಿಮ್ಮ ಸ್ವಂತ ಬಳಕೆಗೆ ಬಯೋಸ್ ತೆಗೆದುಕೊಳ್ಳುವುದಕ್ಕೆ ಭಾರತದ ಕಾನೂನಿನಲ್ಲಿ ಗಟ್ಟಿ ನೆಲೆಯಿದೆ. ಅಂತರ್ಜಾಲದಿಂದ ಯಾರೋ ಹಾಕಿದ್ದನ್ನು ಇಳಿಸಿಕೊಳ್ಳುವುದಕ್ಕೆ ಅಂಥ ನೆಲೆಯಿಲ್ಲ, ಮನೆಯಲ್ಲಿ ಅದೇ ಯಂತ್ರ ಇದ್ದರೂ ಕೂಡ. ಏಕೆಂದರೆ ಆ ಪ್ರತಿ ನೀವು ಪಡೆದ ಪ್ರತಿಯಿಂದ ಹುಟ್ಟಿದ್ದಲ್ಲ. ಅಕ್ರಮ ಪ್ರತಿ ಎಂದು ಗೊತ್ತಿದ್ದೂ ಪ್ರೋಗ್ರಾಂ ಬಳಸುವುದಕ್ಕೆ ಸೆಕ್ಷನ್ 63ಬಿ ಏಳು ದಿನದಿಂದ ಮೂರು ವರ್ಷದವರೆಗೆ ಸೆರೆವಾಸ ಹೇಳುತ್ತದೆ. ಲಾಭಕ್ಕಾಗಿ ಅಲ್ಲದಿದ್ದರೆ ಅದನ್ನು ಬರೀ ದಂಡಕ್ಕೆ ಇಳಿಸುವ ಅಧಿಕಾರ ನ್ಯಾಯಾಲಯಕ್ಕಿದೆ. ಸಾವಿರಾರು ಆಟ ಮತ್ತು ಬಯೋಸ್ ಎರಡನ್ನೂ ಕಾರ್ಡಿಗೆ ತುಂಬಿಯೇ ಮಾರುವ ಅಂಗೈ ಯಂತ್ರಗಳನ್ನು ತರಿಸಿಕೊಳ್ಳುವವರು ಇದನ್ನು ತಿಳಿದಿರಬೇಕು. ಅಲ್ಲಿ ಬಯೋಸ್ ಕೇಳುವ ಸಂದೇಶ ಪರದೆಗೆ ಬರುವುದೇ ಇಲ್ಲವಾದ್ದರಿಂದ ಪ್ರಶ್ನೆಯೂ ಹುಟ್ಟುವುದಿಲ್ಲ.

ಯಂತ್ರದಿಂದ ಫೈಲ್ ತೆಗೆದದ್ದು

ನಮ್ಮ ಅಟ್ಟದ ಯಂತ್ರಕ್ಕೆ ಮರಳುತ್ತೇನೆ. ಪ್ಲೇಸ್ಟೇಷನ್ 2ರಲ್ಲಿ ಹವ್ಯಾಸಿಗಳು ಬರೆದ ಪ್ರೋಗ್ರಾಂ ಓಡಿಸಲು ಫ್ರೀ ಎಂಸಿಬೂಟ್ ಎಂಬುದನ್ನು ಹಾಕಿದ ಮೆಮೊರಿ ಕಾರ್ಡ್ ಬೇಕು. ಕಾರ್ಡ್ ಹಾಕಿ ಯಂತ್ರ ಹೊತ್ತಿಸಿದರೆ ಎಂದಿನ ಮೆನುವಿನಲ್ಲಿ ಹೊಸ ಸಾಲುಗಳು ಸೇರಿಕೊಳ್ಳುತ್ತವೆ. ಯಂತ್ರದ ಕವಚ ಬಿಚ್ಚುವ ಅಗತ್ಯವಿಲ್ಲ. ತೀರಾ ಕೊನೆಗೆ ತಯಾರಾದ ತೆಳು ಮಾದರಿಗಳಲ್ಲಿ ಮಾತ್ರ ಇದು ನಡೆಯುವುದಿಲ್ಲ, ಅಲ್ಲಿ ಸೋನಿ ಆ ಬಿರುಕನ್ನು ಮುಚ್ಚಿತ್ತು. ನಮ್ಮದು ಅದಕ್ಕಿಂತ ಹಳೆಯದು. ಕಾರ್ಡ್ ತರಿಸಿದೆವು. ಎಫ್‌ಎಟಿ32 ಮಾದರಿಯಲ್ಲಿ ಫಾರ್ಮ್ಯಾಟ್ ಮಾಡಿದ ಪೆನ್‌ಡ್ರೈವ್‌ಗೆ ಬಯೋಸ್‌ಡ್ರೇನ್ ಎಂಬ ಸಣ್ಣ ಪ್ರೋಗ್ರಾಂ ತುಂಬಿ ಮುಂದಿನ ಯುಎಸ್‌ಬಿ ಕಿಂಡಿಗೆ ಸಿಕ್ಕಿಸಿದೆವು. ಆ ಕಿಂಡಿ ಹಳೆಯ 1.1 ತಲೆಮಾರಿನದು, ಆಮೆಯ ನಡಿಗೆ. ಹುಡುಗ ಅವಸರಪಟ್ಟು ಮುಗಿಯುವ ಮೊದಲೇ ಪೆನ್‌ಡ್ರೈವ್ ಎಳೆದ. ಲ್ಯಾಪ್‌ಟಾಪಿನಲ್ಲಿ ನೋಡಿದರೆ ಫೈಲಿನ ಗಾತ್ರ ಸೊನ್ನೆ. ಎರಡನೆಯ ಸಲ ಕೈಕಟ್ಟಿ ಕೂತ. ಈ ಬಾರಿ ಗಾತ್ರ 41,94,304 ಬೈಟ್, ಸರಿಯಾಗಿ 4 ಎಂಬಿ. ಜೊತೆಗೆ ಡಿವಿಡಿ ಪ್ಲೇಯರಿನ ಭಾಗ, ಭಾಷೆಯ ಆಯ್ಕೆಯಂಥ ವಿವರಗಳನ್ನು ಹಿಡಿದಿಟ್ಟ ಪುಟ್ಟ ಫೈಲ್‌ಗಳು.

ಗಾತ್ರ ನೋಡುವುದು ಮೊದಲ ಪರೀಕ್ಷೆ. ಮೊದಲ ಪ್ಲೇಸ್ಟೇಷನ್ ಆದರೆ 5,24,288 ಬೈಟ್ ಇರಬೇಕು, ಒಂದು ಬೈಟೂ ಹೆಚ್ಚು ಕಡಿಮೆ ಆಗಬಾರದು. ಬಯೋಸ್ ಹೆಸರಿನಲ್ಲಿ ಯಾರಾದರೂ ಇನ್‌ಸ್ಟಾಲ್ ಮಾಡುವ ಪ್ರೋಗ್ರಾಂ ಕೊಟ್ಟರೆ ಅದು ಬಯೋಸ್ ಅಲ್ಲ, ಅದನ್ನು ತೆರೆಯಲೇಬೇಡಿ. ಎರಡನೆಯ ಪರೀಕ್ಷೆ ಎಂಡಿ5 ಮೊತ್ತ. ಇಡೀ ಫೈಲನ್ನು ಲೆಕ್ಕಕ್ಕೆ ಹಾಕಿ 32 ಅಕ್ಷರಗಳ ಗುರುತೊಂದನ್ನು ಕಂಪ್ಯೂಟರ್ ಕೊಡುತ್ತದೆ. ಒಂದೇ ಒಂದು ಬಿಟ್ ಬದಲಾದರೂ ಗುರುತು ಪೂರ್ತಿ ಬೇರೆಯಾಗುತ್ತದೆ. ವಿಂಡೋಸ್‌ನಲ್ಲಿ ಸರ್ಟ್‌ಯುಟಿಲ್, ಲಿನಕ್ಸ್‌ನಲ್ಲಿ ಎಂಡಿ5ಸಮ್ ಎಂಬ ಆದೇಶ ಇದಕ್ಕೆ ಸಾಕು. ಎರಡು ಸಲ ಪ್ರತಿ ತೆಗೆದು ಎರಡರ ಗುರುತೂ ಒಂದೇ ಇದೆಯೇ ಎಂದು ನೋಡಿಕೊಂಡರೆ ನಿಶ್ಚಿಂತೆ.

ಇನ್ನು ಇಡುವ ಜಾಗ. ನನ್ನ ಅನುಭವದಲ್ಲಿ ಜನ ಗಂಟೆಗಟ್ಟಲೆ ಒದ್ದಾಡುವುದು ಇಲ್ಲೇ, ಕಾರಣ ಒಂದೊಂದು ಎಮ್ಯುಲೇಟರ್‌ಗೂ ಒಂದೊಂದು ಪದ್ಧತಿ. ಪಿಸಿಎಸ್‌ಎಕ್ಸ್2 ಫೈಲಿನ ಹೆಸರನ್ನು ಲೆಕ್ಕಿಸುವುದಿಲ್ಲ. ಬಯೋಸ್ ಫೋಲ್ಡರಿನಲ್ಲಿ ಇರುವುದನ್ನು ತೆರೆದು ನೋಡಿ, ಯಾವ ದೇಶದ್ದು, ಯಾವ ಆವೃತ್ತಿ ಎಂದು ತಾನೇ ಗುರುತಿಸುತ್ತದೆ. ರೆಟ್ರೋಆರ್ಕ್‌ಗೆ ಹೆಸರೇ ಮುಖ್ಯ. ಅದರ ಸಿಸ್ಟಮ್ ಫೋಲ್ಡರಿನಲ್ಲಿ ಪ್ಲೇಸ್ಟೇಷನ್ ಬಯೋಸ್‌ಗೆ ಯಂತ್ರದ ಮಾದರಿ ಸಂಖ್ಯೆಯನ್ನೇ, ಎಲ್ಲ ಸಣ್ಣ ಅಕ್ಷರಗಳಲ್ಲಿ, ಹೆಸರಾಗಿ ಇಡಬೇಕು: ಜಪಾನಿನದ್ದಕ್ಕೆ ಎಸ್‌ಸಿಪಿಎಚ್ 5500, ಅಮೆರಿಕದ್ದಕ್ಕೆ 5501, ಯುರೋಪಿನದ್ದಕ್ಕೆ 5502, ನಡುವೆ ಜಾಗವಿಲ್ಲದೆ, ಕೊನೆಗೆ ಚುಕ್ಕೆ ಬಿನ್. ಲಿನಕ್ಸ್‌ಗೆ ದೊಡ್ಡಕ್ಷರ ಸಣ್ಣಕ್ಷರ ಬೇರೆ ಬೇರೆಯಾದ್ದರಿಂದ, ಯಂತ್ರದ ತಳದಲ್ಲಿ ಅಚ್ಚಾದಂತೆ ದೊಡ್ಡಕ್ಷರದಲ್ಲಿ ಹೆಸರಿಟ್ಟರೆ ಫೈಲ್ ಕಣ್ಣೆದುರೇ ಇದ್ದರೂ ಎಮ್ಯುಲೇಟರ್‌ಗೆ ಕಾಣುವುದಿಲ್ಲ. ವಿಂಡೋಸ್‌ನಲ್ಲಿ ಇನ್ನೊಂದು ತೊಡಕಿದೆ. ಅದು ಹೆಸರಿನ ಕೊನೆಯ ಭಾಗವನ್ನು ಬಚ್ಚಿಡುತ್ತದೆ. ಹೆಸರು ಬದಲಿಸುವಾಗ ನಾವು ಬಿನ್ ಸೇರಿಸಿದರೆ ಅದು ಚುಕ್ಕೆ ಬಿನ್ ಚುಕ್ಕೆ ಬಿನ್ ಆಗಿ ಕೂರುತ್ತದೆ. ಡ್ರೀಮ್‌ಕಾಸ್ಟ್ ಫೈಲ್‌ಗಳಿಗೆ ಸಿಸ್ಟಮ್ ಒಳಗೆ ಡಿಸಿ ಎಂಬ ಇನ್ನೊಂದು ಫೋಲ್ಡರ್ ಬೇಕು. ನಿಯೋ ಜಿಯೋ ಎಂಬ ಇನ್ನೊಂದು ಹಳೆಯ ಯಂತ್ರದ ಬಯೋಸ್‌ನ ಜಿಪ್ ಬಿಚ್ಚಲೇಬಾರದು, ಪ್ಲೇಸ್ಟೇಷನ್‌ನದ್ದು ಜಿಪ್‌ನಲ್ಲಿದ್ದರೆ ಬಿಚ್ಚಲೇಬೇಕು. ಗೊಂದಲವಾದರೆ ರೆಟ್ರೋಆರ್ಕ್‌ನ ಕೋರ್ ಮಾಹಿತಿ ಪುಟ ತೆರೆಯಿರಿ. ಯಾವ ಫೈಲ್ ಬೇಕು, ಯಾವುದು ಸಿಕ್ಕಿದೆ, ಯಾವುದು ಸಿಕ್ಕಿಲ್ಲ ಎಂದು ಅಲ್ಲಿ ಹೆಸರು ಸಮೇತ ಬರೆದಿರುತ್ತದೆ.

ತಯಾರಕರು ಮಾಡಬಹುದಾದದ್ದು

ಇಷ್ಟೆಲ್ಲ ನಮ್ಮಿಂದ ಆದದ್ದು ಯಂತ್ರ ಇನ್ನೂ ಜೀವಂತವಾಗಿದ್ದುದರಿಂದ. ಪ್ಲೇಸ್ಟೇಷನ್ 2 ಲೋಕದಲ್ಲಿ 15 ಕೋಟಿಗೂ ಹೆಚ್ಚು ಮಾರಾಟವಾಯಿತು, 2013ರ ಆರಂಭದ ಹೊತ್ತಿಗೆ ತಯಾರಿಕೆ ನಿಂತಿತು. ಅಂದಿನಿಂದ ಲೆಕ್ಕ ಇಳಿಮುಖವೇ. ಲೇಸರ್ ಸೋಲುತ್ತದೆ, ಕೆಪಾಸಿಟರ್ ಉಬ್ಬುತ್ತದೆ, ಮನೆ ಬದಲಿಸುವಾಗ ಗುಜರಿಗೆ ಹೋಗುತ್ತದೆ. ಕಾನೂನು ಒಪ್ಪುವ ದಾರಿ ಸ್ವಂತ ಯಂತ್ರದಿಂದಲೇ ಶುರುವಾಗುತ್ತದೆ ಎಂದಾದರೆ, ಯಂತ್ರ ಕಡಿಮೆಯಾದಷ್ಟೂ ಆ ದಾರಿಯಲ್ಲಿ ನಡೆಯಬಲ್ಲವರೂ ಕಡಿಮೆಯಾಗುತ್ತಾರೆ. 2010ಕ್ಕೆ ಮೊದಲು ಅಮೆರಿಕದಲ್ಲಿ ಬಿಡುಗಡೆಯಾದ ಆಟಗಳಲ್ಲಿ ಶೇಕಡ 87ರಷ್ಟು ಈಗ ಕೊಳ್ಳಲು ಸಿಗುವುದಿಲ್ಲ ಎಂದು ಅಲ್ಲಿನ ವಿಡಿಯೊ ಗೇಮ್ ಹಿಸ್ಟರಿ ಫೌಂಡೇಶನ್ 2023ರಲ್ಲಿ ವರದಿ ಮಾಡಿತು.

ನಮಗೂ ಇದು ದೂರದ ಮಾತಲ್ಲ. 2009ರಲ್ಲಿ ಹೈದರಾಬಾದಿನ ಆರೋನಾ ಟೆಕ್ನಾಲಜೀಸ್ ಪ್ಲೇಸ್ಟೇಷನ್ 2ಕ್ಕೆ 'ಹನುಮಾನ್: ಬಾಯ್ ವಾರಿಯರ್' ಎಂಬ ಆಟ ತಯಾರಿಸಿತು. ಪೂರ್ತಿಯಾಗಿ ಭಾರತದಲ್ಲೇ ರೂಪುಗೊಂಡ ಮೊದಲ ಕನ್ಸೋಲ್ ಆಟ ಎಂದು ಅದಕ್ಕೆ ಆಗ ಹೆಸರು ಬಂತು. ಆಟ ಎಷ್ಟು ಚೆನ್ನಾಗಿತ್ತು ಎಂಬುದು ಬೇರೆ ಚರ್ಚೆ. ನಮ್ಮ ದೇಶದ ಆಟ ತಯಾರಿಕೆಯ ಚರಿತ್ರೆ ಬರೆಯುವವರು ಇಪ್ಪತ್ತು ವರ್ಷದ ನಂತರ ಅದನ್ನು ಆಡಿ ನೋಡಬೇಕೆಂದರೆ ಡಿಸ್ಕ್ ಒಂದೇ ಸಾಲದು. ಆ 4 ಎಂಬಿ ಫೈಲೂ ಕೈಯಲ್ಲಿರಬೇಕು.

ಇದಕ್ಕೆ ಪರಿಹಾರ ಸೋನಿಯ ಮನೆಯಲ್ಲೇ ಇದೆ. ಪ್ಲೇಸ್ಟೇಷನ್ 3ರ ಫರ್ಮ್‌ವೇರ್ ಸುಮಾರು 200 ಎಂಬಿಯ ಫೈಲ್ ಆಗಿ ಸೋನಿಯ ಅಧಿಕೃತ ಜಾಲತಾಣದಲ್ಲೇ ಎಲ್ಲರಿಗೂ ಉಚಿತವಾಗಿ ಸಿಗುತ್ತದೆ. ಯಂತ್ರ ಇದೆಯೇ ಎಂದು ಅಲ್ಲಿ ಯಾರೂ ಕೇಳುವುದಿಲ್ಲ. ಆ ಯಂತ್ರದ ಎಮ್ಯುಲೇಟರ್ ಆರ್‌ಪಿಸಿಎಸ್3 ತನ್ನ ಬಳಕೆದಾರರನ್ನು ನೇರವಾಗಿ ಅಲ್ಲಿಗೇ ಕಳುಹಿಸುತ್ತದೆ. ಕದ್ದ ಕೊಂಡಿಗಳ ಗೋಜಿಲ್ಲ, ವೈರಸ್ ಭಯವಿಲ್ಲ, ಕೆಟ್ಟ ಪ್ರತಿಯ ಅನುಮಾನವಿಲ್ಲ. ಸೋನಿ ಅದನ್ನು ಅಲ್ಲಿ ಇಟ್ಟದ್ದು ಎಮ್ಯುಲೇಟರ್ ಬಳಸುವವರಿಗಾಗಿ ಅಲ್ಲ, ತನ್ನ ಗ್ರಾಹಕರು ಯಂತ್ರವನ್ನು ನವೀಕರಿಸಿಕೊಳ್ಳಲಿ ಎಂದು. ಆದರೂ ಅದರಿಂದ ಸೋನಿಗೆ ಆದ ನಷ್ಟ ಏನೆಂದು ತೋರಿಸುವುದು ಕಷ್ಟ. ಆಟ ಬೇಕಾದವರು ಆಟವನ್ನು ಹೇಗೂ ಬೇರೆಯಾಗಿಯೇ ಪಡೆಯಬೇಕು. ಹಾಗಿರುವಾಗ 1994ರ 512 ಕೆಬಿಯನ್ನೂ 2000ದ 4 ಎಂಬಿಯನ್ನೂ ಅದೇ ಪುಟದಲ್ಲಿ, ವೈಯಕ್ತಿಕ ಬಳಕೆಗೆ ಮಾತ್ರ ಎಂಬ ಷರತ್ತಿನೊಂದಿಗೆ ಇಡಲು ಅಡ್ಡಿ ಏನು? ಬೇಕಾದರೆ ನೂರು ರೂಪಾಯಿ ಬೆಲೆ ಕಟ್ಟಲಿ. ನಾನು ಮೊದಲ ದಿನವೇ ಕೊಡುತ್ತೇನೆ, ನನ್ನಂಥವರು ಬಹಳ ಮಂದಿ ಕೊಡುತ್ತಾರೆ.

ತಯಾರಕರಿಗಾಗಿ ಕಾಯದೆ ಕೆಲಸ ಮಾಡುತ್ತಿರುವವರೂ ಇದ್ದಾರೆ. ಪಿಸಿಎಸ್‌ಎಕ್ಸ್ ರೀಡಕ್ಸ್ ಯೋಜನೆಯವರು ಮೊದಲ ಪ್ಲೇಸ್ಟೇಷನ್‌ಗೆ 'ಓಪನ್‌ಬಯೋಸ್' ಎಂಬುದನ್ನು ಹೊಸದಾಗಿ ಬರೆದು ಮುಕ್ತ ಪರವಾನಗಿಯಲ್ಲಿ ಹಂಚಿದ್ದಾರೆ. ನಿಂಟೆಂಡೊ ಡಿಎಸ್‌ಗೆ ಇರುವ ಮೆಲನ್‌ಡಿಎಸ್ ಒಂದು ಕಾಲಕ್ಕೆ ಅಸಲಿ ಫೈಲ್‌ಗಳನ್ನು ಕಡ್ಡಾಯವಾಗಿ ಕೇಳುತ್ತಿತ್ತು, ಈಗ ತನ್ನೊಳಗಿನ ಮುಕ್ತ ಬಯೋಸ್‌ನಿಂದಲೇ ಆಟ ತೆರೆಯುತ್ತದೆ. ಕನೆಕ್ಟಿಕ್ಸ್ ತೀರ್ಪು ಮತ್ತು ನಮ್ಮ ಸೆಕ್ಷನ್ 52 ಎರಡೂ ಕಾಪಾಡುವ ಕೆಲಸ ಇದು. ಪ್ಲೇಸ್ಟೇಷನ್ 2ಕ್ಕೂ ಇದು ಆಗಬೇಕು. ಸಂಕೇತ ಬರೆಯಬಲ್ಲ ನಮ್ಮ ಕಾಲೇಜು ಹುಡುಗ ಹುಡುಗಿಯರು ಕೈಹಾಕಲು ಇದಕ್ಕಿಂತ ಒಳ್ಳೆಯ ಯೋಜನೆ ನನಗೆ ಕಾಣುವುದಿಲ್ಲ.

ಅಂದು ರಾತ್ರಿ ಊಟ ಮುಗಿಸಿ ಬಂದು ಬಯೋಸ್ ಫೈಲನ್ನು ಜಾಗಕ್ಕೆ ಹಾಕಿ ಪಿಸಿಎಸ್‌ಎಕ್ಸ್2 ತೆರೆದೆವು. ಲೋಗೋ ಬಿಟ್ಟು ನೇರ ಆಟಕ್ಕೆ ಹೋಗುವ ಆಯ್ಕೆಯಿತ್ತು, ಅದನ್ನು ತೆಗೆಯಲು ಹೇಳಿದೆ. ನೀಲಿ ಮಬ್ಬು ಬಂತು. ಗೋಪುರಗಳಿರಲಿಲ್ಲ, ಎಮ್ಯುಲೇಟರಿನ ಮೆಮೊರಿ ಕಾರ್ಡ್ ಹೊಸದು. ಹುಡುಗ ಎದ್ದು ಹೋಗಿ ಹಳೆಯ ಯಂತ್ರ ಹೊತ್ತಿಸಿ, ನನ್ನ ಹಳೆಯ ಕಾರ್ಡಿನಲ್ಲಿದ್ದ ಫೋಲ್ಡರ್‌ಗಳನ್ನೆಲ್ಲ ಅದೇ ಪೆನ್‌ಡ್ರೈವ್‌ಗೆ ಇಳಿಸಿಕೊಂಡ. ಅವನ್ನು ಹೊಸ ಕಾರ್ಡಿಗೆ ಸೇರಿಸಿ ಮತ್ತೆ ತೆರೆದಾಗ ಹನ್ನೊಂದೂವರೆ ದಾಟಿತ್ತು. ಮಬ್ಬಿನೊಳಗೆ ಒಂದೊಂದಾಗಿ ಗೋಪುರಗಳು ಎದ್ದವು. ನಡುವೆ ಒಂದು ಉಳಿದೆಲ್ಲಕ್ಕಿಂತ ಎತ್ತರ.

"ಇದು ಯಾವ ಆಟ ಮಾವ?" ಎಂದು ಕೇಳಿದ. ಕ್ರಿಕೆಟ್ ಎಂದೆ. ಅವನ ಅಮ್ಮ ಮತ್ತು ನಾನು ಜಗಳವಾಡುತ್ತ ಆಡಿದ್ದು.